ಕೊಮಾದ್ರೆ ಎಂದು ಕರೆದವನು

"ಬನ್ನಿ ಕೊಮಾದ್ರೆ," ಎನ್ನುತ್ತ ಡ್ರೈವರ್ ಎಫ್ರಾಯಿನ್ ಕಾರಿನ ಬಾಗಿಲು ತೆಗೆದ.

ನೀಲ್ಡಾಳ ಒಂದು ಕಾಲು ಕಾರಿನೊಳಗಿತ್ತು, ಇನ್ನೊಂದು ಕುಸ್ಕೋದ ಕಲ್ಲುಹಾಸಿನ ಮೇಲಿತ್ತು. ಅವಳು ಹಾಗೆಯೇ ನಿಂತುಬಿಟ್ಟಳು. ನಿನ್ನೆಯವರೆಗೂ ಇವನು ತನ್ನನ್ನು 'ಸೆನ್ಯೋರಿತಾ' ಎನ್ನುತ್ತಿದ್ದ. ಆ ಒಣ ಮರ್ಯಾದೆಯೇ ಅವಳಿಗೆ ಸಾಕಾಗಿ ಹೋಗಿತ್ತು. ಇದು ಅದಕ್ಕಿಂತ ಕೆಟ್ಟದಾಗಿತ್ತು.

"ಏನಂದೆ?"

"ಕೊಮಾದ್ರೆ ಅಂದೆ. ಇನ್ಮೇಲೆ ಹಾಗೇ ಕರೀಬೇಕಲ್ವಾ? ನಿನ್ನೆ ಸಂಜೆ ನಿಮ್ಮಮ್ಮ ನಮ್ಮನೆಗೆ ಬಂದಿದ್ರು. ರೊಟ್ಟಿ ತಂದಿದ್ರು, ಬಾಟ್ಲಿನೂ ತಂದಿದ್ರು. ಭಾನುವಾರ ಮಿಲ್ಕಾ ಕೂದಲಿಗೆ ನಾನೇ ಮೊದಲ ಕತ್ತರಿ ಹಾಕ್ಬೇಕಂತೆ. ಯಾಕೆ, ನಿಮಗೆ ಗೊತ್ತಿಲ್ವಾ?"

"ನೀನೇನಂದೆ?"

"ಒಪ್ಕೊಂಡೆ."

ಎಷ್ಟು ಸಲೀಸಾಗಿ ಹೇಳಿದ! ನೀಲ್ಡಾಳಿಗೆ ಕೈಯಲ್ಲಿದ್ದ ನೀರಿನ ಬಾಟಲಿಯಿಂದ ಅವನ ತಲೆಗೆ ಒಂದು ಬಾರಿಸೋಣ ಅನಿಸಿತು.

ಮಿಲ್ಕಾ ಅವಳ ಮಗಳು, ನಾಲ್ಕು ವರ್ಷದವಳು. ಹುಟ್ಟಿದಾಗಿನಿಂದ ಕತ್ತರಿ ಕಾಣದ ಅವಳ ಕೂದಲು ಬೆನ್ನಿನ ತನಕ ಜಡೆಗಟ್ಟಿತ್ತು. ಆ ಕೂದಲನ್ನು ಮೊದಲು ಕತ್ತರಿಸಿದವನು ಮಗುವಿಗೆ ಪದ್ರಿನೋ, ಅಂದರೆ ಧರ್ಮಪಿತ ಆಗುತ್ತಾನೆ. ಹೆತ್ತವಳಿಗೆ ಅವನು ಕೊಂಪಾದ್ರೆ, ಅವನಿಗೆ ಅವಳು ಕೊಮಾದ್ರೆ. ಕೊಂಪಾದ್ರೆ ಎಂದರೆ ದೇವರ ಎದುರು ಒಡಹುಟ್ಟಿದವನಷ್ಟೇ ಹತ್ತಿರದವನು. ಆಮೇಲೆ ಅವರಿಬ್ಬರ ನಡುವೆ ಪ್ರೀತಿಯ ಮಾತೆತ್ತಿದರೂ ಪಾಪ, ಮದುವೆಯಂತೂ ಕನಸಿನಲ್ಲೂ ಇಲ್ಲ. ಹಾಗೆ ತಪ್ಪಿದವರು ಮನುಷ್ಯರ ಮುಖದ ಲಾಮಾ ಪ್ರಾಣಿಗಳಾಗಿ ಬೆಟ್ಟದಲ್ಲಿ ಅರಚುತ್ತ ಅಲೆಯುತ್ತಾರೆಂದು ಅಜ್ಜಿಯರು ಹೇಳಿ ಹೆದರಿಸುತ್ತಾರೆ. ಅಂಥ ಗೋಡೆಯನ್ನು ಈ ಮಹಾನುಭಾವ ಒಂದು ರೊಟ್ಟಿ ತಿಂದು ಕಟ್ಟಿಸಿಕೊಂಡು ಬಂದಿದ್ದ.

ಇನ್ನೂ ನಾಲ್ಕು ಮಾತು ಕೇಳುವುದಿತ್ತು. ಅಷ್ಟರಲ್ಲಿ ಹೋಟೆಲಿನಿಂದ ಅತಿಥಿ ಹೊರಬಂದಳು. ಬಿರ್ಗಿತ್ ಎಂಬ ಡೆನ್ಮಾರ್ಕಿನ ಹೆಂಗಸು, ಪ್ರೈವೇಟ್ ಟೂರ್, ಇಡೀ ದಿನ, ಒಬ್ಬಳೇ. ಕೊರಳಲ್ಲಿ ಕ್ಯಾಮೆರಾ, ತಲೆಯ ಮೇಲೆ ಅಗಲ ಟೋಪಿ, ಬಾಯಿ ತುಂಬ ಪ್ರಶ್ನೆ. ನೀಲ್ಡಾ ಗೈಡಿನ ನಗೆಯನ್ನು ಮುಖಕ್ಕೆ ಎಳೆದುಕೊಂಡಳು.

ಪೀಸಾಕ್‌ನ ದಾರಿಯಲ್ಲಿ ಅವಳು ಎಂದಿನಂತೆ ಮುಂದಿನ ಸೀಟಿನಲ್ಲಿ ಹಿಂದಕ್ಕೆ ತಿರುಗಿ ಕುಳಿತು ಮಾತಾಡಿದಳು. ಹಾಗೆ ಕುಳಿತರೆ ಅವಳ ಮೊಣಕಾಲು ಗೇರಿನ ಹತ್ತಿರ ಬರುತ್ತಿತ್ತು. ಗೇರು ಬದಲಾಯಿಸುವಾಗಲೆಲ್ಲ ಎಫ್ರಾಯಿನ್ ತನ್ನ ಕೈಯನ್ನು ಮೊಟ್ಟೆ ಸಾಗಿಸುವವನಂತೆ ಹುಷಾರಾಗಿ ಒಯ್ಯುತ್ತಿದ್ದ. ಮೂರು ವರ್ಷದಲ್ಲಿ ಆ ಕೈ ಒಮ್ಮೆಯೂ ತಪ್ಪಿ ತಗುಲಿರಲಿಲ್ಲ. ತಗುಲಲಿ ಎಂದು ಅವಳು ಎಷ್ಟು ತಿರುವುಗಳಲ್ಲಿ ಕಾದಿದ್ದಳೋ ಅವಳಿಗೇ ಲೆಕ್ಕವಿಲ್ಲ.

ಅವನು ಕೆಟ್ಟವನಾಗಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು! ಪ್ರತಿ ಜಾಗದಲ್ಲೂ ಅವಳ ಗಂಟಲು ಒಣಗುವ ಹೊತ್ತು ಅವನಿಗೆ ತಿಳಿಯುತ್ತಿತ್ತು. ಕೇಳುವ ಮೊದಲೇ ಬೆಟ್ಟದ ಪುದೀನದ ಬಿಸಿ ಟೀ ಕೈಗೆ ಬರುತ್ತಿತ್ತು. ಮಿಲ್ಕಾಳಿಗೆ ಜ್ವರ ಬಂದ ದಿನ ಚಿಂಚೆರೋದಲ್ಲಿರುವ ಅಮ್ಮ ಮಮಾ ಇಲಾರಿಯಾಳ ಮನೆಯಿಂದ ಆಸ್ಪತ್ರೆಗೆ ಮಗುವನ್ನು ಎದೆಗವಚಿಕೊಂಡು ಓಡಿದವನು ಇವನೇ. ಮಗುವಿನ ಅಪ್ಪ ಅವಳು ಹುಟ್ಟುವ ಮೊದಲೇ ಕೆಳಗಿನ ಕಾಡಿಗೆ ಚಿನ್ನ ಹುಡುಕಲು ಹೋದವನು. ಅಲ್ಲಿ ಅವನಿಗೆ ಬೇರೊಬ್ಬಳು ಸಿಕ್ಕಿದಳು. ಅವನ ಮೇಲೆ ನೀಲ್ಡಾಳಿಗೆ ಈಗ ಸಿಟ್ಟೂ ಉಳಿದಿರಲಿಲ್ಲ. ಇದ್ದ ಸಿಟ್ಟೆಲ್ಲ ಈ ಪಕ್ಕದ ಸೀಟಿನವನಿಗೇ ಮೀಸಲು.

ಬಿರ್ಗಿತ್ ಕಿಟಕಿಯತ್ತ ತಿರುಗಿದ್ದೇ ತಡ, ನೀಲ್ಡಾ ಆಕೆಗೆ ತಿಳಿಯದ ಕೆಚುವಾ ಮಾತಿಗೆ ಇಳಿದಳು.

"ಅಮ್ಮ ಕೇಳಿದ್ರೆ ಒಪ್ಕೊಂಡ್ಬಿಡೋದಾ? ತಲೇಲಿ ಏನಿದೆ ನಿಂಗೆ, ಆಲೂಗಡ್ಡೆನಾ?"

"ಪದ್ರಿನೋ ಆಗು ಅಂತ ಮನೆ ಬಾಗಿಲಿಗೆ ಬಂದವರಿಗೆ ಆಗಲ್ಲ ಅನ್ನೋದುಂಟಾ? ಮಗೂಗೆ ಒಳ್ಳೇದಾಗಲ್ಲ."

"ಒಂದು ದಿನ ಟೈಮ್ ಕೇಳ್ಬಹುದಿತ್ತು."

"ಮಮಾ ಇಲಾರಿಯಾ ರೊಟ್ಟಿ ಮುರಿದು ಕೈಗೇ ಕೊಟ್ರು. ಕೈ ಹಿಂದಕ್ಕೆ ಎಳ್ಕೊಳ್ಳೋದು ಹೇಗೆ?"

"ಅವನೇನು ಹೇಳ್ತಿದ್ದಾನೆ?" ಎಂದು ಬಿರ್ಗಿತ್ ಹಿಂದಿನಿಂದ ಕತ್ತು ಚಾಚಿದಳು.

"ಪೀಸಾಕ್‌ನ ಮೆಟ್ಟಿಲು ಹೊಲಗಳ ವಿಷಯ," ಎಂದಳು ನೀಲ್ಡಾ ಇಂಗ್ಲಿಷಿನಲ್ಲಿ, ಕಣ್ಣೂ ಮಿಟುಕಿಸದೆ. "ಮೇಲಿನ ಮೆಟ್ಟಿಲಿಗೆ ಆಲೂಗಡ್ಡೆ, ಕೆಳಗಿನದಕ್ಕೆ ಮೆಕ್ಕೆಜೋಳ. ಇಂಕಾಗಳು ಎಲ್ಲೆಲ್ಲಿ ಏನು ಬೆಳೆಯಬೇಕೆಂದು ತಿಳಿದಿದ್ದರು."

"ಎಷ್ಟು ಮನಸ್ಸಿಟ್ಟು ಹೇಳ್ತಾನಪ್ಪಾ!" ಎಂದು ಬಿರ್ಗಿತ್ ಮೆಚ್ಚಿಕೊಂಡಳು.

ಎಫ್ರಾಯಿನ್ ಓರೆಗಣ್ಣಿನಲ್ಲಿ ನೀಲ್ಡಾಳನ್ನು ನೋಡಿದ. ಅವನ ತುಟಿಯ ಮೂಲೆ ಒಂದಿಷ್ಟು ಅಲುಗಿತು. ಬೇರೆ ದಿನವಾಗಿದ್ದರೆ ಆ ಒಂದು ನೋಟವನ್ನು ಅವಳು ಸಂಜೆಯ ತನಕ ಜೋಪಾನ ಮಾಡಿಕೊಳ್ಳುತ್ತಿದ್ದಳು. ಇವತ್ತು ಅದು ಉರಿಗೆ ಎಣ್ಣೆಯಾಯಿತು.

ಪೀಸಾಕ್‌ನ ಗೋಡೆಗಳ ಮುಂದೆ ಅವಳು ಸಾವಿರ ಸಲ ಹೇಳಿದ್ದನ್ನೇ ಮತ್ತೆ ಹೇಳಿದಳು: ಗಾರೆಯಿಲ್ಲ, ಮಣ್ಣಿಲ್ಲ, ಒಂದು ಕಲ್ಲನ್ನು ಪಕ್ಕದ ಕಲ್ಲಿನ ಮೈಗೆ ತಕ್ಕಂತೆ ಉಜ್ಜಿ ಉಜ್ಜಿ ಕೂರಿಸಿದ್ದಾರೆ. ಬಿರ್ಗಿತ್ ಬೆರಳಾಡಿಸಿ ನೋಡಿದಳು. ಆಮೇಲೆ ಗೋಡೆ ಬಿಟ್ಟು ಬೇರೆಲ್ಲ ಕೇಳಿದಳು.

"ನಿಮಗೆ ಮದುವೆಯಾಗಿದೆಯಾ?"

"ಇಲ್ಲ."

"ಆ ಡ್ರೈವರ್ ನಿಮ್ಮ ಅಣ್ಣನಾ? ನಿಮ್ಮಿಬ್ಬರ ಮಾತಿನ ಧಾಟಿ ನೋಡಿದರೆ ನಾನೂ ನನ್ನ ಅಣ್ಣನೂ ಮಾತಾಡುವುದು ನೆನಪಾಯಿತು."

ನೀಲ್ಡಾ ಗೋಡೆಗೆ ಕೈಯೂರಿಕೊಂಡು ಒಂದು ದೀರ್ಘ ಉಸಿರು ಎಳೆದಳು. "ಇನ್ನೂ ಇಲ್ಲ," ಎಂದಳು. "ಭಾನುವಾರದಿಂದ."

ಬಿರ್ಗಿತ್‌ಗೆ ಅರ್ಥವಾಗಲಿಲ್ಲ. ಅರ್ಥ ಮಾಡಿಸುವ ತಾಳ್ಮೆ ನೀಲ್ಡಾಳಿಗೂ ಇರಲಿಲ್ಲ.

ಊಟ ಉರುಬಾಂಬದಲ್ಲಿ. ಅತಿಥಿಗಳಿಗೆ ಹೂದೋಟದ ಮಗ್ಗುಲಿನ ಬಫೆ, ಗೈಡು ಡ್ರೈವರುಗಳಿಗೆ ಅಡುಗೆಮನೆಯ ಹಿಂದಿನ ಉದ್ದ ಮೇಜು. ಅಲ್ಲಿಯಾದರೂ ನಾಲ್ಕು ಮಾತು ನೆಟ್ಟಗೆ ಆಡೋಣವೆಂದು ಅವಳು ಎಫ್ರಾಯಿನ್‌ನ ಎದುರಿಗೇ ಕುಳಿತಳು. ಅವನು ಬೇಯಿಸಿದ ಜೋಳದ ತೆನೆಗಳಲ್ಲಿ ದಪ್ಪ ಕಾಳಿನದನ್ನು ಆರಿಸಿ ಅವಳ ತಟ್ಟೆಗಿಟ್ಟ. ಪಕ್ಕದಲ್ಲಿ ಗಿಣ್ಣಿನ ದೊಡ್ಡ ತುಂಡನ್ನೂ ಇಟ್ಟ. ಅವನ ಮೇಲಿನ ಪ್ರೀತಿ ಎಂಬುದು ಅವಳಿಗೆ ಹೊಸ ಸುದ್ದಿಯಲ್ಲ. ಆದರೆ ಅದು ಕೈಬಿಟ್ಟು ಹೋಗುತ್ತಿದೆ ಎಂಬುದು ಹೊಸದು.

"ಕೇಳಿಲ್ಲಿ," ಎಂದು ಅವಳು ಶುರುಮಾಡಿದಳು.

"ಏನಪ್ಪಾ ಎಫ್ರಾಯಿನ್, ಕೊಂಪಾದ್ರೆ ಆಗ್ತಿದ್ದೀಯಂತೆ!" ಎಂದು ಮೇಜಿನ ಆ ತುದಿಯಿಂದ ಗ್ರಿಮಾಲ್ದೋ ಕೂಗಿದ. ಬಸ್ಸು ಓಡಿಸುವ ಈ ದಪ್ಪ ಮನುಷ್ಯನ ಬಾಯಿಗೆ ಬ್ರೇಕಿಲ್ಲ. "ಚಿಂಚೆರೋ ಸಂತೇಲಿ ಮಮಾ ಇಲಾರಿಯಾ ಎಲ್ಲರಿಗೂ ಹೇಳ್ಕೊಂಡು ಬಂದಿದ್ದಾಳೆ. ಹಬ್ಬದೂಟಕ್ಕೆ ಗಿನಿಪಿಗ್ಗು ಕೊಬ್ಬಿಸ್ತಿದ್ದಾಳಂತೆ. ನಮ್ಮನ್ನೂ ಕರೀತೀರಿ ತಾನೇ?"

"ಬಾ ಬಾ," ಎಂದ ಎಫ್ರಾಯಿನ್ ತಟ್ಟೆ ನೋಡುತ್ತ.

"ನಾವೇನೋ ಬೇರೆ ಸಂಬಂಧ ಆಗತ್ತೆ ಅಂದ್ಕೊಂಡಿದ್ವಿ. ಇರ್ಲಿ ಬಿಡು, ಅಂತೂ ಒಂದು ಸಂಬಂಧ ಆಯ್ತಲ್ಲ!"

ಮೇಜೆಲ್ಲ ನಕ್ಕಿತು. ನೀಲ್ಡಾ ಜೋಳದ ತೆನೆಯನ್ನು ಕೊರಳು ಹಿಸುಕಿದಂತೆ ಹಿಡಿದಿದ್ದಳು. ನಗು ಅತ್ತ ತಿರುಗಿದ ಮೇಲೆ ಅವಳು ತಗ್ಗಿದ ದನಿಯಲ್ಲಿ ಕೇಳಿದಳು.

"ನಿಂಗೆ ಖುಷಿನಾ ಇದು?"

ಎಫ್ರಾಯಿನ್ ತಲೆಯೆತ್ತಿದ. ದಿನವೂ ರಸ್ತೆಯನ್ನೇ ನೋಡಿ ರೂಢಿಯಾದ ಅವನ ಕಣ್ಣು ಇವತ್ತು ಮೊದಲ ಬಾರಿ ಅವಳ ಮುಖದ ಮೇಲೆ ಪೂರ್ತಿಯಾಗಿ ನಿಂತಿತು. "ನಿಮ್ಮ ಮನಸ್ಸಲ್ಲಿ ನಂಗೆ ಇರೋ ಜಾಗ ಅದೇ ಆದ್ರೆ, ಅಷ್ಟೇ ಸಾಕು ಅಂದ್ಕೊಂಡೆ. ಮನೆ ಹೊರಗಿರೋದಕ್ಕಿಂತ ಒಂದು ಮೂಲೆ ಸಿಗೋದು ವಾಸಿ."

"ನನ್ನ ಮನಸ್ಸಾ? ನನ್ನ ಮನಸ್ಸು ನಿಂಗ್ಯಾರು ಹೇಳಿದ್ದು?"

"ಹಲೋ! ಹೊರಡೋಣವಾ?" ಬಾಗಿಲಲ್ಲಿ ಬಿರ್ಗಿತ್ ಕೈ ಬೀಸುತ್ತ ನಿಂತಿದ್ದಳು. ಅಲ್ಲಿಗೆ ಆ ಮಾತಿಗೂ ಕತ್ತರಿ ಬಿತ್ತು.

ಒಯಾಂತಾಯ್‌ತಾಂಬೋದಲ್ಲಿ ಮೆಟ್ಟಿಲು ಹತ್ತಿ ಇಳಿದು, ಗುಡಿಯ ಆರು ದೊಡ್ಡ ಕಲ್ಲುಗಳನ್ನು ತೋರಿಸಿ ಮುಗಿಸುವ ಹೊತ್ತಿಗೆ ನೀಲ್ಡಾಳ ದನಿ ಗೊಗ್ಗರಾಗಿತ್ತು. ಅಷ್ಟಕ್ಕೂ ಬಿರ್ಗಿತ್‌ಗೆ ತೃಪ್ತಿಯಿಲ್ಲ. ಹೊಳೆಯ ದಾರಿಯಲ್ಲಿ ಬಿದ್ದಿರುವ 'ದಣಿದ ಕಲ್ಲು'ಗಳನ್ನು ನೋಡಲೇಬೇಕೆಂದು ಹಟ ಹಿಡಿದಳು. ಎಫ್ರಾಯಿನ್ ಕಾರನ್ನು ಅತ್ತ ತಿರುಗಿಸಿ ನಿಲ್ಲಿಸಿದ. ಮೂವರೂ ಇಳಿದರು.

ಹುಲ್ಲಿನ ನಡುವೆ ಕೋಣೆಯಷ್ಟು ದೊಡ್ಡ ಕಲ್ಲೊಂದು ಮಲಗಿತ್ತು. ಎದುರು ಬೆಟ್ಟದ ಗಣಿಯಲ್ಲಿ ಕಡಿದು ಗುಡಿಗೆಂದು ತಂದದ್ದು, ಇಲ್ಲಿಯವರೆಗೆ ಬಂದು ನಿಂತುಹೋಯಿತು ಎಂದು ನೀಲ್ಡಾ ವಿವರಿಸಿದಳು.

"ಯಾಕೆ ನಿಂತುಹೋಯಿತು?"

ನೀಲ್ಡಾಳ ತಾಳ್ಮೆಯ ಕಟ್ಟೆ ಒಡೆದದ್ದು ಆಗ. ಅವಳು ಎಫ್ರಾಯಿನ್‌ನತ್ತ ತಿರುಗಿದಳು.

"ಕೇಳ್ತಿದ್ದಾಳೆ ನೋಡು, ಹೇಳು. ಬೆಟ್ಟ ಇಳಿದು, ಹೊಳೆ ದಾಟಿ, ಇಷ್ಟು ದೂರ ಬಂದು, ಗುಡಿ ಕಣ್ಣಿಗೆ ಕಾಣೋ ಹೊತ್ತಿಗೆ ಧೊಪ್ಪಂತ ಮಲಗಿಬಿಟ್ಟಿದ್ದು ಯಾಕೆ? ಮೂರು ವರ್ಷ ಟೀ ಕೊಟ್ಟೆ, ಗಿಣ್ಣು ಕೊಟ್ಟೆ, ನನ್ನ ಮಗೂನ ಹೊತ್ಕೊಂಡು ಓಡ್ದೆ. ಒಂದು ಮಾತು ಆಡಕ್ಕೆ ಏನಾಗಿತ್ತು ನಿಂಗೆ?"

ಎಫ್ರಾಯಿನ್ ಟೋಪಿ ತೆಗೆದು ಕೈಯಲ್ಲಿ ತಿರುಗಿಸಿದ. "ಎಳೆಯೋರು ಇರ್ಲಿಲ್ಲ," ಎಂದ.

"ಏನು?"

"ಕಲ್ಲು ತಾನೇ ನಡೆಯಲ್ಲ, ಎಳೆಯೋರು ಬೇಕು. ನಂಗೆ ಅಪ್ಪ ಇಲ್ಲ, ಅಮ್ಮ ಇಲ್ಲ. ಹೆಣ್ಣು ಕೇಳೋಕೆ ಹಿರಿಯರು ಬಂದು ಮಾತಾಡ್ಬೇಕಲ್ವಾ? ಪೌಕರ್‌ತಾಂಬೋದಲ್ಲಿ ನಮ್ಮ ದೊಡ್ಡಪ್ಪ ಒಬ್ಬ ಇದ್ದಾನೆ. ಪ್ರತಿ ವರ್ಷ ಹೋಗಿ ಕಾಲು ಹಿಡಿದೆ. ಒಂದ್ಸಲ ಆಲೂಗಡ್ಡೆ ಅಗೆದು ಮುಗೀಲಿ ಅಂದ, ಇನ್ನೊಂದ್ಸಲ ಊರ ಮಾತೆಯ ಹಬ್ಬ ಮುಗೀಲಿ ಅಂದ, ಈ ಸಲ ಮಂಡಿ ನೋವು ಅಂದ. ಹೆಣ್ಣು ಕೇಳೋಕೆ ಒಬ್ಬನೇ ಹೋದ್ರೆ ಕಳ್ಳ ಬಂದ ಅಂತ ನಿಮ್ಮಮ್ಮ ನಾಯಿ ಛೂ ಬಿಡ್ತಿದ್ರು. ಅಷ್ಟರಲ್ಲಿ ನೀವೇ ಅಮ್ಮನ್ನ ಕಳಿಸಿ ಕೊಂಪಾದ್ರೆ ಮಾಡ್ಕೊಂಡ್ರಲ್ಲ. ಉತ್ತರ ಸಿಕ್ತು ಅಂದ್ಕೊಂಡೆ."

"ನಾನು ಕಳಿಸಿಲ್ಲ ಕಣೋ, ಕತ್ತೆ!"

ನೀಲ್ಡಾ ಕೂಗಿದ ರಭಸಕ್ಕೆ ಹುಲ್ಲು ಮೇಯುತ್ತಿದ್ದ ಹಸುವೊಂದು ತಲೆಯೆತ್ತಿ ನೋಡಿತು. ಎಫ್ರಾಯಿನ್‌ನ ಕೈಯಲ್ಲಿ ತಿರುಗುತ್ತಿದ್ದ ಟೋಪಿ ನಿಂತಿತು. ಅವನ ಮುಖದಲ್ಲಿ ಮೊದಲು ಸಂತೋಷ ಬಂತು, ಅದರ ಹಿಂದೆಯೇ ಗಾಬರಿ ಬಂತು. ಅವಳಿಗೆ ಅವನನ್ನು ಅಪ್ಪಿಕೊಳ್ಳಬೇಕೋ ಹೊಳೆಗೆ ತಳ್ಳಬೇಕೋ ತಿಳಿಯಲಿಲ್ಲ. ಮೂರು ವರ್ಷ ಇವಳು ಅವನ ಬಾಯಿ ನೋಡಿದ್ದಳು, ಅವನು ದೊಡ್ಡಪ್ಪನ ಬಾಯಿ ನೋಡಿದ್ದ.

"ಏನಂದ?" ಬಿರ್ಗಿತ್ ಕೇಳಿದಳು.

ಬೆಳಗಿನಿಂದ ಮೊದಲ ಸಲ ನೀಲ್ಡಾ ಇದ್ದದ್ದನ್ನು ಇದ್ದಂತೆ ಹೇಳಿದಳು. "ಎಳೆಯುವವರು ಇರಲಿಲ್ಲ ಅಂತಾನೆ."

"ಅಷ್ಟು ಹೇಳೋಕೆ ಇಷ್ಟೊಂದು ಮಾತು ಬೇಕಾಯಿತಾ?"

"ನಮ್ಮ ಭಾಷೆ ಹಾಗೇ," ಎಂದಳು ನೀಲ್ಡಾ.

ಬಿರ್ಗಿತ್‌ಳನ್ನು ರೈಲು ನಿಲ್ದಾಣಕ್ಕೆ ಬಿಟ್ಟರು. ಅವಳು ಇಬ್ಬರ ಕೈಯನ್ನೂ ಕುಲುಕಿ, ಇಷ್ಟು ಉತ್ಸಾಹದಿಂದ ಇತಿಹಾಸ ಚರ್ಚಿಸುವ ಜೋಡಿಯನ್ನು ತಾನು ಎಲ್ಲೂ ಕಂಡಿಲ್ಲ ಎಂದು ಹೇಳಿ ಜನರ ನಡುವೆ ಮರೆಯಾದಳು.

ಕಾರು ಚಿಂಚೆರೋದ ಏರು ಹತ್ತಿತು. ಹಿಂದಿನ ಸೀಟು ಖಾಲಿ. ಈಗ ಬೇಕಾದ್ದು ಮಾತಾಡಬಹುದಿತ್ತು. ಬೆಟ್ಟದ ತುದಿಯ ಹಿಮಕ್ಕೆ ಇಳಿಬಿಸಿಲು ಬಿದ್ದಿತ್ತು.

"ಭಾನುವಾರ ಕತ್ತರಿ ಹಿಡಿದ್ರೆ ಮುಗೀತು," ಎಂದಳು ನೀಲ್ಡಾ.

"ಗೊತ್ತು."

"ಹಿಡೀತೀಯಾ?"

"ಹಿಡೀಬಾರ್ದು ಅಂತ ಜೀವ ಹೊಡ್ಕೊಳ್ತಿದೆ. ಆದ್ರೆ ರೊಟ್ಟಿ ತಿಂದಿದ್ದೀನಲ್ಲ."

"ಮತ್ತೆ ಏನ್ಮಾಡ್ತೀಯಾ?"

"ಇವತ್ತೇ ಪೌಕರ್‌ತಾಂಬೋಗೆ ಹೋಗಿ ದೊಡ್ಡಪ್ಪನ್ನ ಎತ್ತಿ ಹಾಕ್ಕೊಂಡು ಬರ್ತೀನಿ."

"ಮಂಡಿ ನೋವು ಅಂದ್ರೆ?"

ಅವನು ಸುಮ್ಮನಾದ. ಆ ಮೌನ ಅವಳಿಗೆ ಚೆನ್ನಾಗಿ ಗೊತ್ತಿತ್ತು. ಅದು ಇನ್ನೂ ಮೂರು ವರ್ಷ ಹಾಗೆಯೇ ಇರಬಲ್ಲ ಮೌನ. ಆದರೆ ಅವನು ಹೇಳಿದ್ದೂ ಸುಳ್ಳಲ್ಲ. ಹಿರಿಯರಿಲ್ಲದೆ ಹೆಣ್ಣು ಕೇಳಲು ಬಂದವನನ್ನು ಅವಳ ಅಮ್ಮನಂಥವಳು ಹೊಸಿಲು ತುಳಿಯಲು ಬಿಡುವುದಿಲ್ಲ. ಯಾರಾದರೂ ಮಾತಾಡಲೇಬೇಕು. ಬೆಳಗಿನಿಂದ ಸಂಜೆಯ ತನಕ ಬಾಯಿಲ್ಲದ ಕಲ್ಲುಗಳ ಪರವಾಗಿ ಮಾತಾಡುವುದೇ ತನ್ನ ಹೊಟ್ಟೆಪಾಡಲ್ಲವೇ ಎಂದು ಅವಳಿಗೆ ಥಟ್ಟನೆ ಹೊಳೆಯಿತು.

"ಆ ಅಂಗಡಿ ಹತ್ರ ನಿಲ್ಸು."

ಅವಳು ಇಳಿದು ಹೋಗಿ ಒಂದು ಬಾಟಲಿ ಕಬ್ಬಿನ ಸಾರಾಯಿ, ಒಂದು ಹಿಡಿ ಕೋಕಾ ಎಲೆ, ದೊಡ್ಡ ದುಂಡು ರೊಟ್ಟಿ ತಂದಳು.

"ಏನಿದು?" ಎಂದ ಎಫ್ರಾಯಿನ್.

"ಸುಮ್ನೆ ಹಿಂದೆ ಬಾ. ನಾನು ಮಾತಾಡ್ತೀನಿ. ಹಿರಿಯರ ಮಧ್ಯೆ ಬಾಯಿ ಹಾಕ್ಬೇಡ."

ಮಮಾ ಇಲಾರಿಯಾ ಅಂಗಳದಲ್ಲಿ ಕೂತು ಮಿಲ್ಕಾಳನ್ನು ಮೊಣಕಾಲ ನಡುವೆ ಸಿಕ್ಕಿಸಿಕೊಂಡು ಕೂದಲಿನ ಸಿಕ್ಕು ಬಿಡಿಸುತ್ತಿದ್ದಳು. ಮಗು ಒದ್ದಾಡುತ್ತ ಅಳುತ್ತಿತ್ತು. ನೀಲ್ಡಾ ಒಳಗೆ ಬರಲಿಲ್ಲ. ಹೊರಗಿನವರಂತೆ ಬಾಗಿಲಲ್ಲೇ ನಿಂತು ಟೋಪಿ ತೆಗೆದಳು.

"ಮಮಾ ಇಲಾರಿಯಾ, ಒಳಗೆ ಬರ್ಬಹುದಾ?"

"ಏನೇ ಇದು ಹೊಸ ಆಟ? ಬಾರೇ ಒಳಗೆ."

"ನಾನು ಇವತ್ತು ನಿಮ್ಮ ಮಗಳಾಗಿ ಬಂದಿಲ್ಲ. ಈ ಎಫ್ರಾಯಿನ್ ಕಡೆ ಹಿರಿಯಳಾಗಿ ಬಂದಿದ್ದೀನಿ. ನಿಮ್ಮನೇಲಿ ಹೆಣ್ಣಿದೆ ಅಂತ ಕೇಳಿದ್ವಿ."

ಮುದುಕಿಯ ಬಾಚಣಿಗೆ ನಿಂತಿತು. ಅವಳು ಮಗಳನ್ನು ನೋಡಿದಳು. ಅವಳ ಹಿಂದೆ ಬಾಗಿಲಿನ ಕಂಬದಂತೆ ನಿಂತವನನ್ನು ನೋಡಿದಳು, ಕೈಯಲ್ಲಿದ್ದ ಬಾಟಲಿಯನ್ನೂ ನೋಡಿದಳು. ಆಮೇಲೆ ಬೆನ್ನು ನೆಟ್ಟಗೆ ಮಾಡಿ ಕುಳಿತಳು. ಹೆಣ್ಣು ಕೇಳಲು ಬಂದವರನ್ನು ಮೊದಲು ಚೆನ್ನಾಗಿ ಬೈಯಬೇಕು. ಅದು ಹೆಣ್ಣಿನ ಮನೆಯವರ ಹಕ್ಕು, ಅದನ್ನು ಅವಳು ಯಾಕೆ ಬಿಟ್ಟಾಳು?

"ಯಾವ ಹೆಣ್ಣು? ಆ ಬಾಯಿಬಡುಕಿನಾ?"

"ಅವಳೇ. ಬಾಯಿ ಸ್ವಲ್ಪ ಜೋರಂತೆ. ಆದ್ರೆ ನಮ್ಮ ಹುಡುಗನಿಗೆ ಬಾಯೇ ಇಲ್ಲ. ಸರಿಹೋಗತ್ತೆ ಬಿಡಿ."

"ಇವನಿಗೇನಿದೆ? ಹೊಲ ಇದೆಯಾ? ಯಾರದೋ ಕಾರು ಓಡಿಸ್ತಾನೆ. ಮೂರು ವರ್ಷ ನನ್ನ ಸೂಪು ಕುಡ್ದ, ಕುಡಿದು ಬಟ್ಟಲು ಇಟ್ಟು ಹೋದ. ಇಂಥ ಸೋಮಾರಿ ನಾಲಿಗೇನ ನಾನೆಲ್ಲೂ ನೋಡಿಲ್ಲ."

ಬೆಳಗಿನಿಂದ ನೀಲ್ಡಾ ತಾನೇ ಬೈದಿದ್ದ ಬೈಗುಳಗಳವು. ಈಗ ಅವನ್ನೇ ಅಮ್ಮನ ಬಾಯಲ್ಲಿ ಕೇಳಿ ಅವಳಿಗೆ ರೇಗಿತು.

"ಸೋಮಾರಿ ಅಲ್ಲ ಮಮಾ. ಮಗೂಗೆ ಜ್ವರ ಬಂದಾಗ ಯಾರು ಓಡಿದ್ರು? ಮಳೇಲಿ ನಿಮ್ಮ ಮಾಡು ಸೋರಿದಾಗ ಯಾರು ಹತ್ತಿದ್ರು? ದೊಡ್ಡಪ್ಪನ ಮನೆಗೆ ಪ್ರತಿ ವರ್ಷ ಹೋಗಿ ಕಾಲು ಹಿಡಿದಿದ್ದಾನೆ, ನಿಮ್ಮ ಮಗಳನ್ನ ಕೇಳೋಕೆ ಬಾ ಅಂತ. ಪದ್ಧತಿ ಮೀರ್ಬಾರ್ದು ಅಂತ ಒಳಗೊಳಗೇ ಒಣಗಿದ್ದಾನೆ. ಇವನಷ್ಟು ಒಳ್ಳೆಯವನು ಈ ಕಣಿವೇಲಿ ಇನ್ನೊಬ್ಬ ಇದ್ರೆ ತೋರ್ಸಿ. ನಿಮ್ಮ ಮಗಳಿಗೆ ಇವನನ್ನ ಬಿಟ್ರೆ ಬೇರೆ ಯಾರೂ ಬೇಡ. ಇದು ನಂಗೆ ಚೆನ್ನಾಗಿ ಗೊತ್ತು."

ಹಿಂದೆ ಎಫ್ರಾಯಿನ್ ಉಸಿರು ಹಿಡಿದದ್ದು ಅವಳಿಗೆ ಕೇಳಿಸಿತು. ತಿರುಗಿ ನೋಡುವ ಧೈರ್ಯ ಮಾತ್ರ ಬರಲಿಲ್ಲ.

ಮುದುಕಿ ಬಾಚಣಿಗೆಯನ್ನು ಪಕ್ಕಕ್ಕಿಟ್ಟಳು. "ಇದನ್ನ ಮೊದಲೇ ಹೇಳೋದಲ್ವಾ?" ಎಂದಳು. ಈ ಸಲದ ದನಿ ಬೈಗುಳದ್ದಲ್ಲ. "ನೋಡಿ ನೋಡಿ ಸಾಕಾಯ್ತು ನಂಗೆ. ಅಳಿಯ ಆಗೋ ಲಕ್ಷಣ ಕಾಣ್ಲಿಲ್ಲ. ಒಳ್ಳೆ ಮನುಷ್ಯ ಕೈತಪ್ಪಿ ಹೋಗೋದಕ್ಕಿಂತ ಕೊಂಪಾದ್ರೆನಾದ್ರೂ ಆಗ್ಲಿ ಅಂತ ರೊಟ್ಟಿ ಹೊತ್ಕೊಂಡು ಹೋದೆ. ಈಗ ರೊಟ್ಟಿ ತಿಂದವನು ಹಿಂದೆ ಸರಿದ್ರೆ ಮಗೂಗೆ ಒಳ್ಳೇದಾ?"

"ತಿಂದ ರೊಟ್ಟಿಗೆ ರೊಟ್ಟಿ ತಂದಿದ್ದೀವಿ. ಋಣ ತೀರ್ತು."

"ಊರಿಗೆಲ್ಲ ಹೇಳಿದ್ದೀನಲ್ಲೇ! ಭಾನುವಾರ ಕತ್ತರಿ ಹಿಡಿಯೋ ಕೈ ಎಲ್ಲಿಂದ ತರ್ಲಿ?"

"ಅವನ ದೊಡ್ಡಪ್ಪ ಬರ್ತಾನೆ. ಮಂಡಿ ನೋವಿದ್ದವನು ಕೂತೇ ಕತ್ತರಿಸ್ಲಿ."

ಮಮಾ ಇಲಾರಿಯಾಳಿಗೆ ನಗು ಬಂತು, ಅದನ್ನು ಶಾಲಿನಲ್ಲಿ ಒರೆಸಿಕೊಂಡಳು. ಮತ್ತೆ ಗಂಭೀರವಾಗಿ ಎಫ್ರಾಯಿನ್‌ನತ್ತ ಗಲ್ಲ ಎತ್ತಿದಳು. "ಹಿರಿಯಳ ಮಾತಾಯ್ತು. ಇವನು ಸ್ವಂತ ಬಾಯಲ್ಲಿ ಒಂದು ಮಾತು ಆಡದಿದ್ರೆ ನಾನು ಬಾಟ್ಲಿ ಮುಟ್ಟಲ್ಲ."

ಅವನ ಪರವಾಗಿ ಈ ಒಂದು ಮಾತನ್ನು ಮಾತ್ರ ನೀಲ್ಡಾ ಆಡುವಂತಿರಲಿಲ್ಲ.

ಎಫ್ರಾಯಿನ್ ಅವಳನ್ನು ದಾಟಿ ಅಂಗಳಕ್ಕೆ ಬಂದ. ಟೋಪಿಯನ್ನು ಎಲ್ಲಿಡಬೇಕೆಂದು ತಿಳಿಯದೆ ನೆಲದ ಮೇಲಿಟ್ಟು, ಮುದುಕಿಯ ಮುಂದೆ ಮಂಡಿಯೂರಿದ.

"ಮಮಾ, ಮಾತು ನಂಗೆ ಬರಲ್ಲ. ನೀಲ್ಡಾ ಹೇಳಿದ್ದೆಲ್ಲ ನಿಜ, ಇನ್ನೂ ಕಮ್ಮಿಯೇ ಹೇಳಿದ್ದಾಳೆ. ನಂಗೆ ಕತ್ತರಿ ಬೇಡ. ಕೂದಲು ಕತ್ತರಿಸೋವಾಗ ಮಗು ಹೆದರತ್ತೆ, ಅಳತ್ತೆ. ಆಗ ಅವಳನ್ನ ತೊಡೆ ಮೇಲೆ ಗಟ್ಟಿಯಾಗಿ ಹಿಡ್ಕೊಂಡು ಕೂರೋನು ಒಬ್ಬ ಇರ್ತಾನಲ್ಲ, ಅಪ್ಪ. ಆ ಜಾಗ ನಂಗೆ ಕೊಡಿ."

ನೀಲ್ಡಾ ಕಣ್ಣು ಒರೆಸಿಕೊಳ್ಳಲು ಹೋಗಿ ಬಾಟಲಿಯನ್ನು ಹಣೆಗೆ ತಾಗಿಸಿಕೊಂಡಳು.

ಮಮಾ ಇಲಾರಿಯಾ ಮಗುವನ್ನು ಎತ್ತಿ ಅವನ ತೊಡೆಯ ಮೇಲೆ ಕೂರಿಸಿದಳು. "ಸರಿಯಾಗಿ ಹಿಡ್ಕೊ. ಒದೀತಾಳೆ," ಎಂದು ಬಾಚಣಿಗೆ ಕೈಗೆತ್ತಿಕೊಂಡಳು.